ನೂರಕ್ಕೆ 71 ಪೈಸೆ ಬಡ್ಡಿ, ಆದರೂ 30 ಲಕ್ಷಕ್ಕೆ 62 ಲಕ್ಷ ಕಟ್ಟಬೇಕಂತೆ. ಮನೆ ಸಾಲದ ಲೆಕ್ಕ ಬಿಡಿಸಿ ಹೇಳ್ತೀರಾ?

ಸೇಡಂರಸ್ತೆ_ಮನೆ (ಕಲಬುರಗಿ) · ಭಾನುವಾರ ರಾತ್ರಿ 9:10

ಎಲ್ಲರಿಗೂ ನಮಸ್ಕಾರ. ಎರಡು ದಿನದಿಂದ ಒಂದು ಲೆಕ್ಕ ತಲೆಯಲ್ಲಿ ಕೂತುಬಿಟ್ಟಿದೆ.

ನಾನು ನರ್ಸ್. ನಮ್ಮ ಮನೆಯವರು ಖಾಸಗಿ ಹೈಸ್ಕೂಲಿನಲ್ಲಿ ಕನ್ನಡ ಮಾಸ್ತರು. ಇಬ್ಬರದೂ ಸೇರಿ ಕೈಗೆ 74 ಸಾವಿರ ಬರುತ್ತದೆ. ಸೇಡಂ ರಸ್ತೆಯಲ್ಲಿ ರಿಂಗ್ ರೋಡ್ ದಾಟಿದ ಮೇಲೆ ಒಂದು ಎನ್‌ಎ (ಕೃಷಿಯೇತರ) ಲೇಔಟಿನಲ್ಲಿ ನಮ್ಮದೊಂದು ಸೈಟ್ ಇದೆ. ಮಾವನವರು 2009ರಲ್ಲಿ ತೆಗೆದುಕೊಂಡಿದ್ದು. ಈಗ ಬಾಡಿಗೆ ಮನೆ, ತಿಂಗಳಿಗೆ 9 ಸಾವಿರ. ಮೇಲಿನ ಮಹಡಿ. ಮೇ ತಿಂಗಳಲ್ಲಿ ಸ್ಲ್ಯಾಬ್ ಕಾದು ಮಧ್ಯರಾತ್ರಿ ಆದರೂ ಮಕ್ಕಳಿಗೆ ನಿದ್ದೆ ಬರುವುದಿಲ್ಲ. ಈ ವರ್ಷ ಹೇಗಾದರೂ ಮಾಡಿ ಮನೆ ಕಟ್ಟಲೇಬೇಕು ಅಂತ ನಿರ್ಧಾರ ಮಾಡಿದ್ದೇವೆ.

ಒಂದು ಕಡೆ 30 ಲಕ್ಷ ಸಾಲ ಕೊಡಲು ಒಪ್ಪಿದ್ದಾರೆ. ಬಡ್ಡಿ ಶೇ 8.5, ಅವಧಿ 20 ವರ್ಷ, ಕಂತು 26,035 ರೂಪಾಯಿ. ಮನೆಗೆ ಬಂದು ಹೇಳಿದಾಗ ಅತ್ತೆ ಕೇಳಿದ್ದು ಒಂದೇ ಮಾತು: "ನೂರಕ್ಕೆ ಎಷ್ಟವ್ವ?" ನಮ್ಮ ಕಡೆ ಬಡ್ಡಿ ಮಾತು ಹೀಗೇ ಅಲ್ವಾ, ತಿಂಗಳಿಗೆ ನೂರಕ್ಕೆ ಎರಡು, ನೂರಕ್ಕೆ ಮೂರು ಅಂತ. ನಾನು ಲೆಕ್ಕ ಹಾಕಿ 71 ಪೈಸೆ ಅಂದೆ. ಅವರಿಗೆ ನಂಬಿಕೆಯೇ ಬರಲಿಲ್ಲ. "ಹಂಗಾದ್ರ ಪುಕ್ಕಟೆ ಕೊಟ್ಟಂಗ ಆಯ್ತಲ್ಲ" ಅಂದರು.

ರಾತ್ರಿ 26,035ನ್ನು 240ರಿಂದ ಗುಣಿಸಿ ನೋಡಿದೆ. 62 ಲಕ್ಷ 48 ಸಾವಿರ. ತಪ್ಪಾಯಿತೇನೋ ಅಂತ ಮೂರು ಸಲ ಒತ್ತಿದೆ. ನೂರಕ್ಕೆ ಒಂದು ರೂಪಾಯಿಯೂ ಇಲ್ಲದ ಬಡ್ಡಿ ಸಾಲಕ್ಕಿಂತ ದೊಡ್ಡದಾಗುವುದು ಹೇಗೆ? ಬ್ಯಾಂಕಿನವರು ನನ್ನಿಂದ ಏನಾದರೂ ಮುಚ್ಚಿಟ್ಟಿದ್ದಾರಾ?

ಹಳೇ_ಲೆಡ್ಜರ್ (ಕಲಬುರಗಿ) · ಭಾನುವಾರ ರಾತ್ರಿ 10:25

ತಂಗಿ, ನಿನ್ನ ಲೆಕ್ಕ ಸರಿ ಇದೆ. ನಾನು ಬ್ಯಾಂಕಿನ ಸಾಲದ ವಿಭಾಗದಲ್ಲಿ ಕೂದಲು ಬೆಳ್ಳಗೆ ಮಾಡಿಕೊಂಡವನು, ಈಗ ನಿವೃತ್ತ. ಯಾರೂ ಮುಚ್ಚಿಟ್ಟಿಲ್ಲ. ಆದರೆ ಯಾರೂ ಬಿಚ್ಚಿಯೂ ತೋರಿಸಿಲ್ಲ.

ನಿನ್ನ ಮೊದಲ ಕಂತು ತೆಗೆದುಕೋ. 30 ಲಕ್ಷಕ್ಕೆ ಶೇ 8.5ರಂತೆ ಒಂದು ತಿಂಗಳ ಬಡ್ಡಿ 21,250. ನೀನು ಕಟ್ಟುವುದು 26,035. ಹಾಗಾದರೆ ಅಸಲಿಗೆ ಹೋದದ್ದು ಎಷ್ಟು? 4,785 ರೂಪಾಯಿ ಮಾತ್ರ. ಮುಂದಿನ ತಿಂಗಳು ಉಳಿದ 29,95,215ಕ್ಕೆ ಮತ್ತೆ ಬಡ್ಡಿ. ಬಡ್ಡಿ 34 ರೂಪಾಯಿ ಕಡಿಮೆ ಆಗುತ್ತದೆ, ಅಸಲಿಗೆ 34 ರೂಪಾಯಿ ಜಾಸ್ತಿ ಹೋಗುತ್ತದೆ. ಇಷ್ಟು ನಿಧಾನ.

ಮೊದಲ ವರ್ಷ ನೀವಿಬ್ಬರೂ ದುಡಿದು 3 ಲಕ್ಷ 12 ಸಾವಿರ ಕಟ್ಟುತ್ತೀರಿ. ಸಾಲ ಇಳಿಯುವುದು ಸುಮಾರು 59,700. ಐದು ವರ್ಷ ಕಟ್ಟಿದರೆ 15 ಲಕ್ಷ 62 ಸಾವಿರ ಹೋಗಿರುತ್ತದೆ. ಆಗ ಸಾಲ ಎಷ್ಟು ಉಳಿದಿದೆ ಅಂತ ಕೇಳಿದರೆ 26 ಲಕ್ಷ 44 ಸಾವಿರ ಅನ್ನುತ್ತಾರೆ. ಈ ಮಾತು ಕೇಳಿ ನನ್ನ ಕೌಂಟರ್ ಮುಂದೆ ಕಣ್ಣೀರು ಹಾಕಿದವರಿದ್ದಾರೆ. ಅವರಿಗೆ ಸಾಲ ಕೊಟ್ಟ ದಿನವೇ ಈ ಪಟ್ಟಿ ತೋರಿಸಬೇಕಿತ್ತು ಅಂತ ಇವತ್ತಿಗೂ ಅನಿಸುತ್ತದೆ.

ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಜಾಸ್ತಿ ಆಗುವುದಕ್ಕೆ ಹತ್ತಿರ ಹತ್ತಿರ 12 ವರ್ಷ ಬೇಕು. ಅರ್ಧ ಸಾಲ ತೀರುವುದು 166ನೇ ಕಂತಿಗೆ, ಅಂದರೆ 13 ವರ್ಷ 10 ತಿಂಗಳಿಗೆ. ಉಳಿದ ಅರ್ಧ ಕೊನೆಯ ಆರು ವರ್ಷದಲ್ಲಿ ಸರಸರ ಇಳಿಯುತ್ತದೆ.

ನಿಮ್ಮ ಅತ್ತೆಯವರ ಪ್ರಶ್ನೆ ತಪ್ಪಲ್ಲ, ಅರ್ಧ ಪ್ರಶ್ನೆ ಅದು. ಕೈಗಡ ತಂದವರು ಒಂದು ಸುಗ್ಗಿಗೋ ಎರಡು ಸುಗ್ಗಿಗೋ ತೀರಿಸುತ್ತಿದ್ದರು. ಅಲ್ಲಿ ದರ ಕೇಳಿದರೆ ಸಾಕಾಗುತ್ತಿತ್ತು. ಇದು 240 ತಿಂಗಳ ಸಾಲ. ನೂರಕ್ಕೆ 71 ಪೈಸೆಯೇ 20 ವರ್ಷ ಕೂತರೆ ನೂರು ರೂಪಾಯಿ ಸಾಲಕ್ಕೆ 108 ರೂಪಾಯಿ ಬಡ್ಡಿ ಆಗುತ್ತದೆ. ದರದ ಜೊತೆಗೆ ಅಸಲು ಎಷ್ಟು ದಿನ ಕರಗದೆ ಕೂರುತ್ತದೆ ಅಂತಲೂ ಕೇಳಬೇಕು.

ಆಳಂದ_ನಾಕಾ · ಭಾನುವಾರ ರಾತ್ರಿ 10:50

ಸರ್, ನಮಗೂ ಒಂದು ಫೈನಾನ್ಸ್ ಕಂಪನಿಯವರು 30 ವರ್ಷ ಮಾಡಿಕೊಳ್ಳಿ, ಕಂತು ಹಗುರ ಆಗುತ್ತದೆ ಅಂತ ಹೇಳುತ್ತಿದ್ದಾರೆ. ನನಗೆ ಈಗ 28. ಮಾಡಿಕೊಳ್ಳಬಹುದಾ?

ಹಳೇ_ಲೆಡ್ಜರ್ · ಭಾನುವಾರ ರಾತ್ರಿ 11:05

ಎಷ್ಟು ಹಗುರ ಆಗುತ್ತದೆ ನೋಡು ತಮ್ಮಾ. ಅದೇ 30 ಲಕ್ಷ, ಅದೇ ಶೇ 8.5. 30 ವರ್ಷಕ್ಕೆ ಕಂತು 23,067. ಅಂದರೆ 20 ವರ್ಷದ ಕಂತಿಗಿಂತ 2,968 ರೂಪಾಯಿ ಮಾತ್ರ ಕಡಿಮೆ. ಬಡ್ಡಿ ಮಾತ್ರ 53 ಲಕ್ಷ ಆಗುತ್ತದೆ. ತಿಂಗಳಿಗೆ ಮೂರು ಸಾವಿರ ಉಳಿಸಲು ಹೋಗಿ 20 ಲಕ್ಷಕ್ಕೂ ಜಾಸ್ತಿ ಬಡ್ಡಿ ಹೊತ್ತುಕೊಂಡಂತೆ.

ಈಗ ಇನ್ನೊಂದು ಕಡೆ ತಿರುಗು. 15 ವರ್ಷ ಮಾಡಿದರೆ ಕಂತು 29,542. ತಿಂಗಳಿಗೆ 3,507 ಜಾಸ್ತಿ. ಬಡ್ಡಿ 23 ಲಕ್ಷ 18 ಸಾವಿರಕ್ಕೆ ಇಳಿಯುತ್ತದೆ. 9 ಲಕ್ಷ 30 ಸಾವಿರ ಉಳಿತಾಯ. ಕಂತು ಕಟ್ಟುವ ತಾಕತ್ತು ನೋಡಿಕೊಂಡು ಮಾಡಬೇಕು, ಅದು ಬೇರೆ ಮಾತು. ಆದರೆ "ಕಂತು ಎಷ್ಟು?" ಅಂತ ಮಾತ್ರ ಕೇಳುವವರಿಗೆ ಅವಧಿ ಎಳೆದು ಮಾರುವುದು ಭಾಳ ಸುಲಭ.

ಬಿದರಿ_ಕುಸುರಿ (ಬೀದರ್) · ಸೋಮವಾರ ಬೆಳಗ್ಗೆ 7:15

ನನ್ನ ಅನುಭವ ಹೇಳಲೇಬೇಕು, ಅಕ್ಕಾ. ನಾವು 2021ರ ಅಕ್ಟೋಬರಿನಲ್ಲಿ 20 ಲಕ್ಷ ತೆಗೆದುಕೊಂಡೆವು. ಆಗ ಬಡ್ಡಿ ಶೇ 7. ಕಂತು 15,506. ಎಲ್ಲರೂ ಇಷ್ಟು ಕಡಿಮೆ ಬಡ್ಡಿ ಮತ್ತೆ ಸಿಗಲ್ಲ ಅಂದರು. ಅದು ನಿಜವೇ ಆಯಿತು. ಆದರೆ ಆ ದರ ನಮಗೂ ಉಳಿಯಲಿಲ್ಲ.

ಕಂತು ಒಂದು ರೂಪಾಯಿಯೂ ಏರಲಿಲ್ಲ. ಅದಕ್ಕೇ ನಾವು ಆರಾಮಾಗಿ ಇದ್ದೆವು. ಮಧ್ಯೆ ಮಧ್ಯೆ ಮೆಸೇಜ್ ಬರುತ್ತಿತ್ತು, ದರ ಬದಲಾಗಿದೆ ಅಂತ. ಓದಿ ಬಿಟ್ಟೆವು. 2023ರ ಬೇಸಿಗೆಯಲ್ಲಿ ಬೇರೆ ಕೆಲಸಕ್ಕೆ ಶಾಖೆಗೆ ಹೋದಾಗ ಸ್ಟೇಟ್‌ಮೆಂಟ್ ತೆಗೆಸಿದೆ. ಸಾಲ ಮುಗಿಯುವ ತಾರೀಖು ನಮ್ಮ ಯಜಮಾನರ ನಿವೃತ್ತಿಯನ್ನೂ ದಾಟಿ ಎಲ್ಲಿಗೋ ಹೋಗಿತ್ತು. ಅವತ್ತು ಬಸ್ಸಿನಲ್ಲಿ ಮನೆಗೆ ಬರುವವರೆಗೂ ನನಗೆ ಮಾತೇ ಹೊರಡಲಿಲ್ಲ. ಆಮೇಲೆ ಕಂತು ಏರಿಸಿಕೊಂಡೆವು, ಚಿನ್ನ ಇಟ್ಟು ಒಂದಷ್ಟು ಅಸಲು ಕಟ್ಟಿದೆವು. ಮೊದಲೇ ಕೇಳಿದ್ದರೆ ಚಿನ್ನ ಇಡುವ ಪ್ರಸಂಗ ಬರುತ್ತಿರಲಿಲ್ಲ.

ಹಳೇ_ಲೆಡ್ಜರ್ · ಸೋಮವಾರ ಬೆಳಗ್ಗೆ 9:40

ತಂಗಿ, ನಿನ್ನದು ಒಬ್ಬಳ ಕಥೆಯಲ್ಲ. ಆ ವರ್ಷ ಏನಾಯಿತು ಅಂತ ಎಲ್ಲರಿಗೂ ಗೊತ್ತಾಗಲಿ.

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ (ಬಡ್ಡಿ ದರ ಏರಿಳಿಯುವ) ಮನೆ ಸಾಲಕ್ಕೆ ಹೊರಗಿನ ಒಂದು ದರವನ್ನು ಕಟ್ಟಿರಬೇಕು ಅಂತ ರಿಸರ್ವ್ ಬ್ಯಾಂಕ್ ನಿಯಮ ಮಾಡಿತು. ಹೆಚ್ಚಿನವರು ರೆಪೋ ದರವನ್ನೇ ಹಿಡಿದರು, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ. ರೆಪೋ 2020ರ ಮೇ ತಿಂಗಳಿಂದ ಶೇ 4ರಲ್ಲಿ ನಿಂತಿತ್ತು. 2022ರ ಮೇ ತಿಂಗಳಲ್ಲಿ ಏರಲು ಶುರುವಾಗಿ 2023ರ ಫೆಬ್ರುವರಿಗೆ 6.5ಕ್ಕೆ ಬಂತು. ಒಂಬತ್ತೇ ತಿಂಗಳಲ್ಲಿ ಎರಡೂವರೆ.

ನಿನ್ನ ಸಾಲಕ್ಕೇ ಲೆಕ್ಕ ಹಾಕುತ್ತೇನೆ. ಸುಲಭ ಆಗಲಿ ಅಂತ 18 ಕಂತು ಆದ ಮೇಲೆ ದರ ಒಂದೇ ಸಲ 7ರಿಂದ 9.5 ಆಯಿತು ಅಂತ ಇಟ್ಟುಕೊಳ್ಳೋಣ. ಆಗ ಬಾಕಿ ಸುಮಾರು 19 ಲಕ್ಷ 27 ಸಾವಿರ. ತಿಂಗಳ ಬಡ್ಡಿಯೇ 15,258. ನಿನ್ನ ಕಂತು 15,506. ಅಸಲಿಗೆ ಹೋಗುವುದು 248 ರೂಪಾಯಿ. ಈ ಕಂತನ್ನೇ ಮುಂದುವರಿಸಿದರೆ ಉಳಿದ 222 ಕಂತು 520 ದಾಟುತ್ತದೆ. 43 ವರ್ಷ! ಕಂತನ್ನು 18,465 ಮಾಡಿಕೊಂಡಿದ್ದರೆ, ಅಂದರೆ ತಿಂಗಳಿಗೆ 2,959 ಜಾಸ್ತಿ ಕಟ್ಟಿದ್ದರೆ, ಮೊದಲು ಹೇಳಿದ ದಿನಕ್ಕೇ ಮುಗಿಯುತ್ತಿತ್ತು.

ಈ ತೊಂದರೆ ದೇಶದ ತುಂಬ ಆದ ಮೇಲೆ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಇನ್ನೊಂದು ಸುತ್ತೋಲೆ ಹೊರಡಿಸಿತು. ದರ ಏರಿ ಕಂತೋ ಅವಧಿಯೋ ಬದಲಾದರೆ ಸಾಲಗಾರರಿಗೆ ತಿಳಿಸಬೇಕು. ಕಂತು ಏರಿಸಬೇಕೋ, ಅವಧಿ ಎಳೆಯಬೇಕೋ, ಎರಡೂ ಸ್ವಲ್ಪ ಸ್ವಲ್ಪವೋ ಅಂತ ಆಯ್ಕೆ ಕೊಡಬೇಕು. ಮಧ್ಯೆ ಅಸಲು ಕಟ್ಟಲು ಬಿಡಬೇಕು. ಕಂತಿನಿಂದ ಆ ತಿಂಗಳ ಬಡ್ಡಿಯೂ ತೀರದಂಥ ಸ್ಥಿತಿ ಬರುವ ಹಾಗೆ ಅವಧಿ ಎಳೆಯಬಾರದು. ಆದರೆ ಬಾಯಿ ಬಿಟ್ಟು ಕೇಳದಿದ್ದರೆ ಆಯ್ಕೆ ಇದ್ದೂ ಇಲ್ಲದ ಹಾಗೆ.

ದರ ಇಳಿದಾಗಲೂ ನೋಡಿಕೊಳ್ಳಿ. 2025ರ ಫೆಬ್ರುವರಿಯಿಂದ ಡಿಸೆಂಬರ್ ಒಳಗೆ ರೆಪೋ 6.5ರಿಂದ 5.25ಕ್ಕೆ ಇಳಿಯಿತು. ಆಗ ಕಂತು ಇಳಿಸಿಕೊಳ್ಳದೆ ಹಳೇ ಕಂತೇ ಕಟ್ಟುತ್ತಾ ಹೋದವರಿಗೆ ಅವಧಿ ಚೆನ್ನಾಗಿ ಇಳಿಯುತ್ತದೆ.

ಇಲ್ಲೇ ಸೇಡಂ ರಸ್ತೆಯ ತಂಗಿಗೂ ಒಂದು ಮಾತು. ರೆಪೋ 5.25 ಇರುವಾಗ ನಿನಗೆ 8.5 ಅಂದರೆ ರೆಪೋ ಮೇಲೆ ಮೂರೂಕಾಲು ಹಾಕಿದ್ದಾರೆ. ಅದಕ್ಕೆ ಸ್ಪ್ರೆಡ್ ಅನ್ನುತ್ತಾರೆ. ರೆಪೋ ಏರಲಿ ಇಳಿಯಲಿ, ಆ ಸ್ಪ್ರೆಡ್ ಸಾಮಾನ್ಯವಾಗಿ ನಿನ್ನ ಬೆನ್ನ ಹಿಂದೆಯೇ ಇರುತ್ತದೆ. ನಿನ್ನ ಸಿಬಿಲ್ ಸ್ಕೋರ್, ಅಂದರೆ ಹಿಂದಿನ ಸಾಲ ಹೇಗೆ ಕಟ್ಟಿದ್ದೀಯ ಅನ್ನುವುದರ ಅಂಕ, ಎಷ್ಟಿದೆ ನೋಡು. ಚೆನ್ನಾಗಿದ್ದರೆ ಇನ್ನೆರಡು ಬ್ಯಾಂಕ್ ಕೇಳು. ಮುಕ್ಕಾಲು ಪರ್ಸೆಂಟ್ ಕಡಿಮೆ ಸಿಕ್ಕರೆ ನಿನ್ನ 20 ವರ್ಷದಲ್ಲಿ 3 ಲಕ್ಷ 37 ಸಾವಿರ ಉಳಿಯುತ್ತದೆ.

ಕರಿಮಣ್ಣು_ಪಾಯ (ಕಲಬುರಗಿ) · ಸೋಮವಾರ ಮಧ್ಯಾಹ್ನ 1:30

ನಾನು ಸಿವಿಲ್ ಕೆಲಸ ಮಾಡಿಸುವವನು. ಬಡ್ಡಿ ಲೆಕ್ಕ ಸರ್ ಹೇಳಿದರು. ಸಾಲ ಯಾಕೆ ಸಾಲುವುದಿಲ್ಲ ಅನ್ನುವುದನ್ನು ನಾನು ಹೇಳುತ್ತೇನೆ.

ನಮ್ಮದು ಕರಿ ಮಣ್ಣಿನ ನಾಡು. ಮಳೆಗೆ ಉಬ್ಬುತ್ತದೆ, ಬೇಸಿಗೆಗೆ ಕುಗ್ಗಿ ಕೈ ಹೋಗುವಷ್ಟು ಬಿರುಕು ಬಿಡುತ್ತದೆ. ಪಾಯ ಮೇಲೆ ಮೇಲೆ ಹಾಕಿದರೆ ಮೂರನೇ ವರ್ಷಕ್ಕೆ ಗೋಡೆ ಸೀಳುತ್ತದೆ. ಗಟ್ಟಿ ಪದರ ಸಿಗುವವರೆಗೆ ಅಗೆಯಬೇಕು. ಕಾಲಂ, ಪ್ಲಿಂತ್ ಬೀಮ್ ಹಾಕಿ ಒಳಗೆ ಮುರುಮ್ ತುಂಬಿ ಗಟ್ಟಿ ಮಾಡಬೇಕು. ಗೂಗಲ್‌ನಲ್ಲಿ ಸಿಗುವ ಚದರ ಅಡಿ ರೇಟಿನಲ್ಲಿ ಇದೆಲ್ಲ ಸರಿಯಾಗಿ ಬರುವುದಿಲ್ಲ. ಎಸ್ಟಿಮೇಟ್ ಮಾಡಿಸುವ ಮೊದಲು ಸೈಟಿನಲ್ಲಿ ಒಂದು ಗುಂಡಿ ತೆಗೆಸಿ ನೋಡಿ ಅಂತ ನಾನು ಎಲ್ಲರಿಗೂ ಹೇಳುತ್ತೇನೆ. ಒಂದು ದಿನದ ಕೂಲಿ ಅಷ್ಟೇ.

ಹಾಗೆ ಮಾಡದಿದ್ದರೆ ಏನಾಗುತ್ತದೆ? ಪಾಯಕ್ಕೇ ರೊಕ್ಕ ಜಾಸ್ತಿ ಹೋಗಿ ಸ್ಲ್ಯಾಬ್ ಹೊತ್ತಿಗೆ ಕೈ ಖಾಲಿ. ಆಗ ಪರ್ಸನಲ್ ಲೋನ್ ತೆಗೆಯುತ್ತಾರೆ, ಇಲ್ಲಾಂದ್ರೆ ಚೀಟಿ ಎತ್ತುತ್ತಾರೆ, ಇಲ್ಲಾಂದ್ರೆ ನೂರಕ್ಕೆ ಎರಡರಂತೆ ಕೈಗಡ. ನೂರಕ್ಕೆ ಎರಡು ಅಂದರೆ ವರ್ಷಕ್ಕೆ ಶೇ 24. ಮನೆ ಸಾಲದ ಮೂರು ಪಟ್ಟು ಹತ್ತಿರ. ಹೊರಗಿನ ಈ ಸಾಲವನ್ನು ಮನೆ ಸಾಲದ ಲೆಕ್ಕದಲ್ಲಿ ಯಾರೂ ಸೇರಿಸುವುದಿಲ್ಲ. ಆದರೆ ಮನೆ ಕಟ್ಟಿದವರ ನಿದ್ದೆ ಕೆಡಿಸುವುದು ಹೆಚ್ಚಾಗಿ ಅದೇ.

ಇನ್ನೊಂದು. ಕಟ್ಟುವ ಮನೆಗೆ ಬ್ಯಾಂಕ್ ಪೂರ್ತಿ ರೊಕ್ಕ ಒಂದೇ ಸಲ ಬಿಡುವುದಿಲ್ಲ. ಪಾಯ, ಲಿಂಟಲ್, ಸ್ಲ್ಯಾಬ್, ಪ್ಲಾಸ್ಟರ್ ಅಂತ ಹಂತ ಹಂತವಾಗಿ ಬಿಡುತ್ತದೆ. ಬಿಟ್ಟಷ್ಟಕ್ಕೆ ಬಡ್ಡಿ ಮಾತ್ರ ಕಟ್ಟುತ್ತಾ ಹೋಗಬಹುದು. ಪ್ರೀ ಇಎಂಐ ಅಂದರೆ ಅದೇ. ಕೆಲಸ ಒಂದು ವರ್ಷ ಎಳೆದರೆ, ಸರಾಸರಿ 15 ಲಕ್ಷ ಹೊರಗಿದೆ ಅಂತ ಹಿಡಿದರೂ, 1 ಲಕ್ಷ 27 ಸಾವಿರ ಬಡ್ಡಿ ಹೋಗಿರುತ್ತದೆ. ಅಸಲು ಒಂದು ರೂಪಾಯಿಯೂ ಇಳಿದಿರುವುದಿಲ್ಲ. ಅದರ ಜೊತೆಗೆ ಬಾಡಿಗೆ ಬೇರೆ. ತೊಗರಿ ರಾಶಿ ಸಮಯದಲ್ಲಿ ಕೂಲಿಯವರು ಊರಿಗೆ ಹೋಗಿಬಿಡುತ್ತಾರೆ, ಕೆಲಸ ನಿಲ್ಲುತ್ತದೆ. ಶುರು ಮಾಡುವ ತಿಂಗಳು ನೋಡಿ ಶುರು ಮಾಡಿ.

ಶಹಾಪುರ_ಹಾದಿ (ಯಾದಗಿರಿ) · ಸೋಮವಾರ ಸಂಜೆ 6:20

ಕಟ್ಟಿದ ಮನೆ ಕೊಳ್ಳುವವರಿಗೆ ನನ್ನಿಂದ ಒಂದು ಮಾತು. ನಾವು 40 ಲಕ್ಷದ ಮನೆ ನೋಡಿದ್ದೆವು. ಕೈಯಲ್ಲಿ 8 ಲಕ್ಷ ಇದೆ, 32 ಲಕ್ಷ ಬ್ಯಾಂಕ್ ಕೊಡುತ್ತದೆ, ಆಯಿತಲ್ಲ ಅಂದುಕೊಂಡೆವು. ನೋಂದಣಿಗೆ ಬೇರೆ ದುಡ್ಡು ಬೇಕು ಅನ್ನುವುದು ಗೊತ್ತಿತ್ತು, ಎಷ್ಟು ಅಂತ ಗೊತ್ತಿರಲಿಲ್ಲ.

ಮುದ್ರಾಂಕ ಶುಲ್ಕ ಶೇ 5. ಅದರ ಮೇಲೆ ಸೆಸ್, ಸರ್ಚಾರ್ಜ್ ಸೇರಿ 5.6 ಆಗುತ್ತದೆ. ನೋಂದಣಿ ಶುಲ್ಕ ಮೊದಲು 1 ಇತ್ತು, 2025ರ ಆಗಸ್ಟ್ 31ರಿಂದ 2 ಆಗಿದೆ. ಒಟ್ಟು 7.6. ನಲವತ್ತು ಲಕ್ಷಕ್ಕೆ 3 ಲಕ್ಷ 4 ಸಾವಿರ. ಮನೆ ಬೆಲೆಯಲ್ಲಿ ಇದನ್ನು ಸೇರಿಸಿ ಸಾಲ ಕೊಡುವುದಿಲ್ಲ, ಕೈಯಿಂದಲೇ ಹಾಕಬೇಕು. ನಾವು ಒಂದು ವರ್ಷ ತಡ ಮಾಡಿ ಆ ಹಣ ಕೂಡಿಸಿಕೊಂಡೆವು. ತಡವಾಗಿದ್ದಕ್ಕೆ ಈಗ ಬೇಜಾರಿಲ್ಲ.

ಸೇಡಂರಸ್ತೆ_ಮನೆ · ಸೋಮವಾರ ರಾತ್ರಿ 9:30

ಎಲ್ಲರಿಗೂ ಕೈ ಮುಗಿಯುತ್ತೇನೆ. ಇಷ್ಟು ವಿವರ ನನಗೆ ಯಾರೂ ಹೇಳಿರಲಿಲ್ಲ. ಗುಂಡಿ ತೆಗೆಸುವ ಮಾತು ನಾಳೆಯೇ ಮಾಡಿಸುತ್ತೇವೆ.

ಇನ್ನು ಎರಡು ಪ್ರಶ್ನೆ. ಮನೆ ಸಾಲ ಇದ್ದರೆ ಟ್ಯಾಕ್ಸ್ ಉಳಿಯುತ್ತದೆ, ಆದ್ದರಿಂದ ಬಡ್ಡಿ ಅಷ್ಟೇನೂ ಭಾರ ಅಲ್ಲ ಅಂತ ಆಸ್ಪತ್ರೆಯಲ್ಲಿ ಎಲ್ಲರೂ ಹೇಳುತ್ತಾರೆ. ನಿಜವಾ? ಮತ್ತೆ ಸಾಲದ ಜೊತೆ 75 ಸಾವಿರದ ವಿಮೆ ಹಾಕಿದ್ದಾರೆ. ಕೈಯಿಂದ ಕೊಡಬೇಕಿಲ್ಲ, ಸಾಲದಲ್ಲೇ ಸೇರಿಸುತ್ತೇವೆ ಅಂದರು. ಬೇಡ ಅನ್ನಬಹುದಾ?

ಹಳೇ_ಲೆಡ್ಜರ್ · ಸೋಮವಾರ ರಾತ್ರಿ 10:15

ಟ್ಯಾಕ್ಸ್ ಮಾತು ಹಳೇ ಕಾಲದ್ದು. ಈಗ ಆದಾಯ ತೆರಿಗೆಗೆ ಹಳೇದು, ಹೊಸದು ಅಂತ ಎರಡು ಪದ್ಧತಿ. ಹಳೇ ಪದ್ಧತಿಯಲ್ಲಿ ಇದ್ದವರಿಗೆ ವಾಸದ ಮನೆಯ ಬಡ್ಡಿಯಲ್ಲಿ ವರ್ಷಕ್ಕೆ 2 ಲಕ್ಷದವರೆಗೆ, ಅಸಲಿನಲ್ಲಿ 80ಸಿ ಅನ್ನುವ ಉಳಿತಾಯದ ವಿನಾಯಿತಿಯ ಒಳಗೆ ಒಂದೂವರೆ ಲಕ್ಷದವರೆಗೆ ಆದಾಯದಿಂದ ಕಳೆಯಬಹುದು. ಹೊಸ ಪದ್ಧತಿಯಲ್ಲಿ ವಾಸದ ಮನೆಗೆ ಈ ಸೌಲಭ್ಯ ಇಲ್ಲ. ಅದರ ಬದಲು 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆಯೇ ಬೀಳುವುದಿಲ್ಲ. ನಿಮ್ಮಿಬ್ಬರ ಸಂಬಳ ಬೇರೆ ಬೇರೆ ಲೆಕ್ಕ. ನಿಮಗೆ ತೆರಿಗೆಯೇ ಇಲ್ಲ, ಉಳಿಸುವುದು ಏನನ್ನು? ಹಳೇ ಪದ್ಧತಿಯಲ್ಲಿ ಶೇ 20ರ ಹಂತದಲ್ಲಿ ಇರುವವರಿಗೂ 2 ಲಕ್ಷದ ಮೇಲೆ ಉಳಿಯುವುದು 41,600. ಅದಕ್ಕೆ ಕಟ್ಟಿದ ಬಡ್ಡಿ ಎರಡೂವರೆ ಲಕ್ಷ. ಟ್ಯಾಕ್ಸ್ ಉಳಿಸಲು ಸಾಲ ಇಟ್ಟುಕೊಳ್ಳಿ ಅನ್ನುವವರ ಮಾತು ನನಗೆ ಯಾವತ್ತೂ ಹಿಡಿಸಿಲ್ಲ.

ವಿಮೆ. ಬೇಡ ಅನ್ನಬೇಡ, ಅಲ್ಲಿ ಬೇಡ ಅನ್ನು. ಇಬ್ಬರು ದುಡಿಯುವವರಲ್ಲಿ ಒಬ್ಬರಿಗೆ ಏನಾದರೂ ಆದರೆ ಕಂತು ನಿಲ್ಲುವುದಿಲ್ಲ, ಅದಕ್ಕೆ ವಿಮೆ ಬೇಕೇ ಬೇಕು. ಆದರೆ ಅವರು ಹೇಳಿದ ಕಂಪನಿಯಲ್ಲೇ, ಅವರು ಹೇಳಿದ ಪಾಲಿಸಿಯನ್ನೇ ತೆಗೆದುಕೊಳ್ಳಬೇಕು ಅನ್ನುವ ನಿಯಮ ಇಲ್ಲ. 75 ಸಾವಿರ ಸಾಲಕ್ಕೆ ಸೇರಿದರೆ ಅದಕ್ಕೂ 20 ವರ್ಷ ಬಡ್ಡಿ. ತಿಂಗಳಿಗೆ 651ರಂತೆ ಕೊನೆಗೆ 1 ಲಕ್ಷ 56 ಸಾವಿರ ಆಗುತ್ತದೆ. ಬೇರೆಯಾಗಿ ವರ್ಷ ವರ್ಷ ಕಟ್ಟುವ ಟರ್ಮ್ ವಿಮೆಯ ಬೆಲೆ ಇಬ್ಬರಿಗೂ ಕೇಳಿ ನೋಡಿ. ಆಮೇಲೆ ಹೋಲಿಸಿ.

ಸಹಿ ಮಾಡುವ ಮೊದಲು ಒಂದು ಕಾಗದ ಕೇಳು. 2024ರ ಅಕ್ಟೋಬರ್ 1ರಿಂದ ಎಲ್ಲ ರಿಟೇಲ್ (ವ್ಯಕ್ತಿಗಳಿಗೆ ಕೊಡುವ) ಸಾಲಕ್ಕೂ ಕೆಎಫ್‌ಎಸ್ ಅನ್ನುವ ಹಾಳೆ ಕೊಡಬೇಕು. ಬಡ್ಡಿ, ಪ್ರೊಸೆಸಿಂಗ್ ಫೀ, ಅವರ ಮೂಲಕ ಕಟ್ಟಿಸಿಕೊಳ್ಳುವ ವಿಮೆ, ವಕೀಲರ ಫೀ ಎಲ್ಲ ಸೇರಿಸಿ ವರ್ಷಕ್ಕೆ ನಿಜವಾಗಿ ಎಷ್ಟು ಬೀಳುತ್ತದೆ ಅಂತ ಅದರಲ್ಲಿ ಇರುತ್ತದೆ. ಅದಕ್ಕೆ ಎಪಿಆರ್ ಅನ್ನುತ್ತಾರೆ. ಎರಡು ಬ್ಯಾಂಕ್ ಹೋಲಿಸುವಾಗ ಜಾಹೀರಾತಿನ ದರ ಬಿಡು, ಎಪಿಆರ್ ನೋಡು. ಕಂತು ಕಂತಿಗೂ ಬಡ್ಡಿ ಎಷ್ಟು, ಅಸಲು ಎಷ್ಟು ಅನ್ನುವ ಪಟ್ಟಿಯೂ ಅದರ ಜೊತೆಗಿರಬೇಕು. ಸಾಲಗಾರರಿಗೆ ತಿಳಿಯುವ ಭಾಷೆಯಲ್ಲಿ ಕೊಡಬೇಕು ಅಂತ ನಿಯಮದಲ್ಲೇ ಇದೆ. ಕನ್ನಡದಲ್ಲಿ ಕೊಡಿ ಅಂತ ಧೈರ್ಯವಾಗಿ ಕೇಳು, ನಿಮ್ಮ ಅತ್ತೆಯವರೂ ಓದಲಿ.

ಜೇವರ್ಗಿ_ತೊಗರಿ · ಮಂಗಳವಾರ ಬೆಳಗ್ಗೆ 6:45

ನಾವು ಅರ್ಧ ಸಂಬಳ, ಅರ್ಧ ಹೊಲ. ತೊಗರಿ ರಾಶಿ ಆಗಿ ಜನವರಿ ಮುಗಿಯುವ ಹೊತ್ತಿಗೆ ಸ್ವಲ್ಪ ರೊಕ್ಕ ಕೈಗೆ ಬರುತ್ತದೆ. ಪ್ರತಿ ವರ್ಷ ಆಗ ಒಂದು ಕಂತಿನಷ್ಟು ಹೆಚ್ಚಿಗೆ ಅಸಲಿಗೆ ಕಟ್ಟುತ್ತೇವೆ. ಫ್ಲೋಟಿಂಗ್ ದರದ ಮನೆ ಸಾಲವನ್ನು ನಮ್ಮಂಥ ವ್ಯಕ್ತಿಗಳು ಮುಂಚೆ ಕಟ್ಟಿದರೆ ದಂಡ ಹಾಕುವಂತಿಲ್ಲ. ಬ್ಯಾಂಕುಗಳಿಗೆ ಈ ನಿಯಮ 2012ರಿಂದಲೇ ಇದೆ. ಅಕ್ಕಾರ 30 ಲಕ್ಷಕ್ಕೆ ಹೀಗೆ ವರ್ಷಕ್ಕೊಂದು ಕಂತು ಜಾಸ್ತಿ ಕಟ್ಟಿದರೆ 20 ವರ್ಷದ ಸಾಲ 17 ವರ್ಷದ ಒಳಗೇ ಮುಗಿಯುತ್ತದೆ. ಆರು ಲಕ್ಷದಷ್ಟು ಬಡ್ಡಿ ಉಳಿಯುತ್ತದೆ.

ಎಷ್ಟು ಕಟ್ಟುತ್ತೀರಿ ಅನ್ನುವುದಕ್ಕಿಂತ ಯಾವಾಗ ಕಟ್ಟುತ್ತೀರಿ ಅನ್ನುವುದು ದೊಡ್ಡದು. ಮೊದಲ ವರ್ಷದ ಕೊನೆಗೆ 1 ಲಕ್ಷ ಕಟ್ಟಿದರೆ ಹಿಂದಿನಿಂದ 18 ಕಂತು ಉದುರುತ್ತವೆ. ಅದೇ 1 ಲಕ್ಷ 15ನೇ ವರ್ಷದ ಕೊನೆಗೆ ಕಟ್ಟಿದರೆ ಆರು ಕಂತೂ ಪೂರ್ತಿ ಉದುರುವುದಿಲ್ಲ. ಕಟ್ಟುವಾಗ ಕಂತು ಇಳಿಸಬೇಡಿ, ಅವಧಿ ಇಳಿಸಿ ಅಂತ ಬರೆದು ಕೊಡಿ. ನಾನು ಅರ್ಜಿಯ ಜೆರಾಕ್ಸ್ ಮೇಲೆ ಸೀಲ್ ಹಾಕಿಸಿಕೊಂಡೇ ಬರುತ್ತೇನೆ.

ಆದರೆ ಕೈ ಬರಿದು ಮಾಡಿಕೊಂಡು ಕಟ್ಟಬೇಡಿ. ಒಂದು ವರ್ಷ ನಮ್ಮ ತೊಗರಿಗೆ ನೆಟೆ ರೋಗ ಬಿದ್ದು ಹೊಲ ನಿಂತಲ್ಲೇ ಒಣಗಿತು. ಅದೇ ವರ್ಷ ತಂದೆಯವರ ಆಪರೇಷನ್. ಅಸಲಿಗೆ ಕಟ್ಟಿದ ರೊಕ್ಕ ವಾಪಸ್ ಕೇಳಲು ಬರುವುದಿಲ್ಲ. ಆರು ತಿಂಗಳ ಕಂತಿನಷ್ಟು ಬದಿಗಿಟ್ಟೇ ಮುಂದಿನ ಮಾತು. ಇದನ್ನು ನಾನು ಕಷ್ಟಪಟ್ಟು ಕಲಿತಿದ್ದು.

ಸೂಪರ್‌ಮಾರ್ಕೆಟ್_ಕಾಕಾ (ಕಲಬುರಗಿ) · ಮಂಗಳವಾರ ಮಧ್ಯಾಹ್ನ 3:00

ಎಲ್ಲರ ಮಾತು ಒಪ್ಪುತ್ತೇನೆ, ಆದರೆ ಹುಡುಗಿಯನ್ನು ಹೆದರಿಸಬೇಡಿ. 62 ಲಕ್ಷ ಅನ್ನುವುದನ್ನು ಇವತ್ತಿನ 62 ಲಕ್ಷ ಅಂತ ನೋಡಬಾರದು. ವರ್ಷಕ್ಕೆ ಶೇ 5ರಂತೆ ಬೆಲೆ ಏರುತ್ತಾ ಹೋದರೆ 20ನೇ ವರ್ಷದ ಕೊನೆಗೆ ಕಟ್ಟುವ 26,035 ಇವತ್ತಿನ ಲೆಕ್ಕದಲ್ಲಿ 10 ಸಾವಿರಕ್ಕೂ ಕಡಿಮೆ. ಬಾಡಿಗೆಯೂ 9 ಸಾವಿರದಲ್ಲೇ ನಿಲ್ಲುವುದಿಲ್ಲ. ನಾನು ಬಾಡಿಗೆ ಮನೆಯಲ್ಲೇ ಮೂವತ್ತು ವರ್ಷ ಕಳೆದವನು. ಏಳು ಸಲ ಮನೆ ಬದಲಿಸಿದ್ದೇನೆ. ಮಕ್ಕಳ ಪುಸ್ತಕ, ದೇವರ ಪೆಟ್ಟಿಗೆ ಆಟೋದಲ್ಲಿ ಹೊತ್ತುಕೊಂಡು ತಿರುಗಿದ್ದನ್ನು ಯಾವ ಲೆಕ್ಕದಲ್ಲಿ ಬರೆಯುತ್ತೀರಿ? ಮನೆ ಕಟ್ಟಿ ತಾಯಿ, ಖಂಡಿತ ಕಟ್ಟಿ.

ಹಳೇ_ಲೆಡ್ಜರ್ · ಮಂಗಳವಾರ ಸಂಜೆ 5:10

ಕಾಕಾ, ನಿಮ್ಮ ಮಾತು ನೂರಕ್ಕೆ ನೂರು ಸರಿ. ರೊಕ್ಕದ ಬೆಲೆ ಇಳಿಯುತ್ತದೆ, ಸಾಲಗಾರರಿಗೆ ಅದು ಅನುಕೂಲವೇ. ಆದರೆ ಅದು ಸಂಬಳ ಏರುವವರಿಗೆ. ಖಾಸಗಿ ಶಾಲೆಯ ಮಾಸ್ತರಿಗೆ ವರ್ಷ ವರ್ಷ ಶೇ 5 ಏರಿಕೆ ಯಾರು ಬರೆದು ಕೊಟ್ಟಿದ್ದಾರೆ? ಮೊದಲ ಐದಾರು ವರ್ಷ ಕಂತು ಭಾರವಾಗಿಯೇ ಇರುತ್ತದೆ, ಮಕ್ಕಳ ಫೀಸು ಬರುವುದೂ ಆಗಲೇ. ಅದಕ್ಕೆ ನಾನು ಹೇಳುವುದು, ಮನೆ ಬೇಡ ಅಂತಲ್ಲ. ಸಾಲವನ್ನು ಚಿಕ್ಕದು ಮಾಡಲು ಆಗುವುದು ಸಹಿ ಮಾಡುವ ಮೊದಲು. ಆಗಲೇ ಕಷ್ಟಪಡಲಿ.

ಸೇಡಂರಸ್ತೆ_ಮನೆ · ಮೂರು ವಾರದ ನಂತರ, ಶನಿವಾರ ರಾತ್ರಿ 8:40

ತಡವಾಗಿ ಬರೆಯುತ್ತಿದ್ದೇನೆ, ಕ್ಷಮಿಸಿ. ನೈಟ್ ಡ್ಯೂಟಿ ಇತ್ತು.

ಸೈಟಿನಲ್ಲಿ ಗುಂಡಿ ತೆಗೆಸಿದೆವು. ಆರೂವರೆ ಅಡಿಗೆ ಗಟ್ಟಿ ಸಿಕ್ಕಿತು. ಎಸ್ಟಿಮೇಟ್ ಪಾಯದಿಂದ ಹಿಡಿದು ಹೊಸದಾಗಿ ಮಾಡಿಸಿದೆವು. ಪಾಯದ ಖರ್ಚು ಏರಿತು. ಅದಕ್ಕೆ ಮೇಲಿನ ರೂಮು, ಗೇಟಿನ ಕಮಾನು ಕೈಬಿಟ್ಟೆವು. ಗ್ರಾನೈಟ್ ಬದಲು ಶಹಾಬಾದ್ ಕಲ್ಲು ಹಾಕಿಸುತ್ತೇವೆ. ನನಗೇನೂ ಬೇಜಾರಿಲ್ಲ, ತವರು ಮನೆಯಲ್ಲಿ ಅದೇ ನೆಲ, ಬೇಸಿಗೆಯಲ್ಲಿ ಮಧ್ಯಾಹ್ನ ಅದರ ಮೇಲೆ ಚಾಪೆ ಇಲ್ಲದೆ ಮಲಗುತ್ತಿದ್ದೆವು. ಇಷ್ಟೆಲ್ಲ ಮಾಡಿದ ಮೇಲೆ ಸಾಲ 30ರ ಬದಲು 27 ಲಕ್ಷ ಸಾಕಾಯಿತು.

ಇನ್ನೊಂದು ಬ್ಯಾಂಕಿನಲ್ಲಿ ಶೇ 8ಕ್ಕೆ ಒಪ್ಪಿದರು. ಅವಧಿ 15 ವರ್ಷ. ಕಂತು 25,803. ಮೊದಲು ಹೇಳಿದ ಕಂತಿಗಿಂತ 232 ರೂಪಾಯಿ ಕಡಿಮೆಯೇ! ಒಟ್ಟು ಬಡ್ಡಿ 32 ಲಕ್ಷ 48 ಸಾವಿರ ಇದ್ದದ್ದು 19 ಲಕ್ಷ 44 ಸಾವಿರ. ನಮ್ಮ ಮನೆಯವರು ಆ ಎರಡು ಅಂಕಿಯನ್ನು ಕ್ಯಾಲೆಂಡರ್ ಹಿಂದೆ ದೊಡ್ಡದಾಗಿ ಬರೆದಿಟ್ಟಿದ್ದಾರೆ. ವಿಮೆ ಇಬ್ಬರಿಗೂ ಬೇರೆಯಾಗಿ ತೆಗೆದುಕೊಂಡೆವು.

ಕನ್ನಡದ ಕೆಎಫ್‌ಎಸ್ ಕೇಳಿದಾಗ ಕೌಂಟರಿನಲ್ಲಿದ್ದ ಹುಡುಗ ಒಂದು ಕ್ಷಣ ಮುಖ ನೋಡಿದ. ಎರಡು ದಿನ ಬಿಟ್ಟು ಬನ್ನಿ ಅಂದ. ಹೋದಾಗ ಕೊಟ್ಟ. ಅತ್ತೆ ಕನ್ನಡಕ ಹಾಕಿಕೊಂಡು ಕಂತಿನ ಪಟ್ಟಿಯನ್ನು ಸಾಲು ಸಾಲಾಗಿ ಬೆರಳಿಟ್ಟು ಓದಿದರು. ಮೊದಲ ಸಾಲಿನಲ್ಲೇ ನಿಂತರು. 18,000 ಬಡ್ಡಿ, 7,803 ಅಸಲು. "ಮೊದಲಿನವರು ಕೊಟ್ಟಿದ್ದರಾಗ ಅಸಲು ಎಷ್ಟಿತ್ತು?" ಅಂದರು. 4,785 ಅಂದೆ. ಏನೂ ಮಾತಾಡಲಿಲ್ಲ. ಒಳಗೆ ಹೋಗಿ ತಮ್ಮ ಪಿಂಚಣಿಯ ಪಾಸ್‌ಬುಕ್ ತಂದು ನನ್ನ ಕೈಯಲ್ಲಿ ಇಟ್ಟರು. ಮೊದಲ ವರ್ಷ ಮುಗಿದ ಕೂಡಲೇ ಅಸಲಿಗೆ ಕಟ್ಟು ಅಂದರು. ಅದು ಅವರ ಔಷಧಿಯ ದುಡ್ಡು. ಬೇಡ ಅಂತ ವಾಪಸ್ ಇಟ್ಟು ಬಂದಿದ್ದೇನೆ.

ಬಿದರಿ_ಕುಸುರಿ · ಶನಿವಾರ ರಾತ್ರಿ 9:05

ಅಕ್ಕಾ, ಓದಿ ಕಣ್ಣು ತುಂಬಿತು. ದರ ಬದಲಾದ ಮೆಸೇಜ್ ಬಂದ ದಿನವೇ ಶಾಖೆಗೆ ಹೋಗಿ, ನಾಳೆ ಅನ್ನಬೇಡಿ.

ಹಳೇ_ಲೆಡ್ಜರ್ · ಶನಿವಾರ ರಾತ್ರಿ 9:30

ಭಾಳ ಖುಷಿ ಆಯಿತು ತಂಗಿ. ಇನ್ನೊಂದೇ ಕೆಲಸ. ಯಾವ ಯಾವ ಮೂಲ ಪತ್ರ ಬ್ಯಾಂಕಿಗೆ ಕೊಡುತ್ತೀಯೋ ಅದರ ಪಟ್ಟಿ ಮಾಡಿ ಅವರ ಸಹಿ, ಸೀಲ್ ತೆಗೆದುಕೋ. ಸಾಲ ತೀರಿದ 30 ದಿನದೊಳಗೆ ಅವರು ಪತ್ರ ವಾಪಸ್ ಕೊಡಬೇಕು. ಅವರ ಕಡೆಯಿಂದ ತಡವಾದರೆ ದಿನಕ್ಕೆ 5 ಸಾವಿರ ಪರಿಹಾರ ಕೊಡಬೇಕು, 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ಹದಿನೈದು ವರ್ಷ ಆದ ಮೇಲೆ ಆ ಪಟ್ಟಿ ಬೇಕಾಗುತ್ತದೆ. ಸೈಟಿನ ಹಳೇ ಕ್ರಯಪತ್ರದ ಜೊತೆ ಒಂದು ಪ್ರತಿ ಮನೆಯಲ್ಲೂ ಇರಲಿ.

ಸೇಡಂರಸ್ತೆ_ಮನೆ · ಶನಿವಾರ ರಾತ್ರಿ 9:45

ಸೋಮವಾರ ಪತ್ರ ಕೊಡಲು ಹೋಗುತ್ತೇವೆ ಸರ್. ಪಟ್ಟಿ ಈಗಲೇ ಬರೆಯುತ್ತಿದ್ದೇನೆ. ಕ್ರಯಪತ್ರ, ಎನ್‌ಎ ಆದೇಶ, ಇ-ಖಾತಾ, ಇಸಿ (ಋಣಭಾರ ಪತ್ರ), ಪ್ಲಾನ್ ಮಂಜೂರಾತಿ. ಇನ್ನೇನಾದರೂ ಬಿಟ್ಟಿದ್ದರೆ ನಾಳೆಯೊಳಗೆ ಹೇಳಿ.